ಕೀಲಿನ ಕೀವಿಗೆ ಕೋಡ್ ಹಾಕುವ ಪಾಠ: ಕುವೆಂಪುನಗರದ ಒಂದು ತರಬೇತಿ ಕೇಂದ್ರ

ಮೈಸೂರಿನ ಕುವೆಂಪುನಗರದಲ್ಲಿ ಮೆಡಿಕಲ್ ಕೋಡಿಂಗ್ (ರೋಗಿಯ ಕಾಯಿಲೆ, ಚಿಕಿತ್ಸೆಗಳನ್ನು ನಿಗದಿತ ಕೋಡ್‌ಗಳಲ್ಲಿ ಬರೆಯುವ ಕೆಲಸ) ಹೇಳಿಕೊಡುವ ಕೇಂದ್ರವೊಂದರ ಸೆಪ್ಟಿಕ್ ಆರ್ಥ್ರೈಟಿಸ್ (ಕೀಲಿನ ಸೋಂಕು) ಪಾಠವನ್ನಷ್ಟೇ ಇಲ್ಲಿ ತೂಗಿ ನೋಡಿದೆ. ಬಿ.ಫಾರ್ಮ, ನರ್ಸಿಂಗ್ ಮುಗಿಸಿ ಅಮೆರಿಕದ ಚಾರ್ಟುಗಳ (ರೋಗಿಯ ದಾಖಲೆಗಳ) ಕೆಲಸಕ್ಕೆ ಹೊರಟವರೇ ಇಲ್ಲಿ ಹೆಚ್ಚು. ಕೋಡ್ ಹುಡುಕುವುದನ್ನು ಅಚ್ಚುಕಟ್ಟಾಗಿ ಕಲಿಸುತ್ತಾರೆ. ಚಾರ್ಟ್ ಓದುವುದನ್ನು ಅರ್ಧಕ್ಕೇ ಕೈಬಿಡುತ್ತಾರೆ.

ರೋಗಗಳ ಕೋಡ್‌ಪಟ್ಟಿಯ ಅಮೆರಿಕದ ರೂಪವಾದ ಐಸಿಡಿ-10-ಸಿಎಂನ ಎಂ00 ಗುಂಪನ್ನು ಬೋರ್ಡಿನ ಮೇಲೆ ಕೊಂಬೆ ಕೊಂಬೆಯಾಗಿ ಬಿಡಿಸುತ್ತಾರೆ. ಎಂ00.0 ಸ್ಟಫೈಲೊಕಾಕಸ್, ಎಂ00.1 ನ್ಯೂಮೊಕಾಕಸ್, ಎಂ00.2 ಉಳಿದ ಸ್ಟ್ರೆಪ್ಟೊಕಾಕಸ್, ಎಂ00.8 ಬೇರೆ ಬ್ಯಾಕ್ಟೀರಿಯಾ. ಐದನೆಯ ಸ್ಥಾನ ಯಾವ ಕೀಲು, ಆರನೆಯದು ಯಾವ ಪಕ್ಕ. ಹಾಗಾಗಿ ಬಲ ಮೊಣಕಾಲಿನ ಸ್ಟಫ್ ಸೋಂಕು ಎಂ00.061, ಎಡದ್ದು ಎಂ00.062. ಅಷ್ಟಕ್ಕೇ ಮುಗಿಯುವುದಿಲ್ಲ, ಜೊತೆಗೆ ರೋಗಾಣುವಿನ ಕೋಡೂ ಬೇಕು: ಎಂಎಸ್‌ಎಸ್‌ಎ (ಮೆಥಿಸಿಲಿನ್ ಔಷಧಿಗೆ ಬಗ್ಗುವ ಸ್ಟಫ್) ಆದರೆ ಬಿ95.61, ಎಂಆರ್‌ಎಸ್‌ಎ (ಅದಕ್ಕೆ ಬಗ್ಗದ ಸ್ಟಫ್) ಆದರೆ ಬಿ95.62. ಸ್ಯೂಡೊಮೊನಾಸ್ ಬಂದರೆ ಎಂ00.8ರ ಜೊತೆ ಬಿ96.5. ಈ ಎರಡನೇ ಕೋಡ್ ಬಿಟ್ಟುಹೋಗುವುದೇ ಹೊಸಬರ ಮಾಮೂಲಿ ತಪ್ಪು. ಅಭ್ಯಾಸದ ಹಾಳೆಯಲ್ಲಿ ಅದಕ್ಕೆಂದೇ ಒಂದು ಖಾಲಿ ಗೆರೆ ಬಿಟ್ಟಿರುವುದು ಜಾಣತನ.

ಎಂ00ಕ್ಕೆ ಸೇರದ ಕೀಲು ಸೋಂಕುಗಳನ್ನೂ ಸರಿಯಾಗಿ ಬೇರ್ಪಡಿಸಿದ್ದಾರೆ. ಕ್ಷಯದ್ದಾದರೆ ಎ18.02, ಗೊನೊಕಾಕಸ್‌ನದ್ದಾದರೆ ಎ54.42. ಮೊಣಕಾಲು ಬದಲಿಸಿದ ರೋಗಿಯ ಕೃತಕ ಬಲ ಕೀಲಿಗೆ ಸೋಂಕಾದರೆ ಟಿ84.53ಎಕ್ಸ್‌ಎ, ಅದರ ಹಿಂದೆ ರೋಗಾಣುವಿನ ಕೋಡ್. ಆಪರೇಷನ್ ನೋಟ್ ಓದದೆ ಮುಂದೆ ಹೋದವರು ಎಡವುವುದೇ ಇಲ್ಲಿ.

ತೊಂದರೆ ದಾಖಲೆಯ ಪಾಠದಲ್ಲಿದೆ. ಕಲ್ಚರ್ (ರೋಗಾಣು ಬೆಳೆಸಿ ನೋಡುವ ಪರೀಕ್ಷೆ) ವರದಿಯಲ್ಲಿ ಎಂಆರ್‌ಎಸ್‌ಎ ಬೆಳೆದಿದೆ ಎಂದಾಕ್ಷಣ ಬಿ95.62 ಹಾಕುವಂತೆ ಮಾದರಿ ಉತ್ತರ ಹೇಳುತ್ತದೆ. ಅದು ತಪ್ಪು. ರೋಗಾಣುವನ್ನು ಸೋಂಕಿಗೆ ಜೋಡಿಸಿ ಬರೆಯಬೇಕಾದವರು ವೈದ್ಯರು. ಅವರು ಬರೆಯದಿದ್ದರೆ ಕೋಡರ್ ಅವರಿಗೆ ಕ್ವೆರಿ (ಬರಹದ ಪ್ರಶ್ನೆ) ಕಳಿಸಬೇಕು. ಆ ಕ್ವೆರಿಯ ಮಾದರಿಯೂ ‘ಇದು ಎಂಆರ್‌ಎಸ್‌ಎ ಸೋಂಕು ತಾನೇ?’ ಎಂದಿದೆ. ಉತ್ತರವನ್ನು ಬಾಯಿಗೇ ತುರುಕುವ ಇಂಥ ಪ್ರಶ್ನೆ ಆಡಿಟ್‌ನಲ್ಲಿ ಉಳಿಯುವುದಿಲ್ಲ. ಜ್ವರ, ಕೀಲಿನ ನೀರಿನ ಬಿಳಿ ರಕ್ತಕಣದ ಎಣಿಕೆ, ಕಲ್ಚರ್ ಫಲಿತಾಂಶ, ಕೊಟ್ಟ ಆಂಟಿಬಯೋಟಿಕ್, ಇಷ್ಟನ್ನು ಬರೆದು, ಆಯ್ಕೆಗಳನ್ನು ಕೊಟ್ಟು, ‘ಬೇರೆ’ ಮತ್ತು ‘ಹೇಳಲಾಗದು’ ಎಂಬ ಎರಡನ್ನೂ ಸೇರಿಸಬೇಕು.

‘ಇರಬಹುದು’ ಎಂಬ ಪದವೂ ಇವರ ಕೈಯಲ್ಲಿ ಗೋಜಲಾಗಿದೆ. ದಾಖಲಾದ ರೋಗಿಯ ಡಿಸ್ಚಾರ್ಜ್ ಹೊತ್ತಿಗೂ ವೈದ್ಯರು ‘ಸೆಪ್ಟಿಕ್ ಆರ್ಥ್ರೈಟಿಸ್ ಇರಬಹುದು’ ಎಂದೇ ಬರೆದಿದ್ದರೆ, ಇದೆಯೆಂದೇ ಕೋಡ್ ಹಾಕಬಹುದು. ಹೊರರೋಗಿಗೆ ಈ ನಿಯಮವಿಲ್ಲ. ಅಲ್ಲಿ ಲಕ್ಷಣಕ್ಕಷ್ಟೇ ಕೋಡ್: ಬಲ ಮೊಣಕಾಲಿನ ನೋವು ಎಂ25.561, ನೀರು ತುಂಬಿದ್ದರೆ ಎಂ25.461. ಕೇಂದ್ರದ ಹಾಳೆಯಲ್ಲಿ ಒಳರೋಗಿ, ಹೊರರೋಗಿ ನಿಯಮಗಳೆರಡೂ ಒಂದೇ ಕಾಲಂನಲ್ಲಿ ಕೂತಿವೆ.

ಪ್ರೊಸೀಜರ್ ಭಾಗ, ಅಂದರೆ ಮಾಡಿದ ಚಿಕಿತ್ಸೆಗೆ ಹಾಕುವ ಅಮೆರಿಕದ ಸಿಪಿಟಿ ಕೋಡ್‌ಗಳ ಪಾಠ, ಪರವಾಗಿಲ್ಲ. ಸೂಜಿ ಹಾಕಿ ಮೊಣಕಾಲಿನ ನೀರು ತೆಗೆದರೆ 20610, ಅಲ್ಟ್ರಾಸೌಂಡ್ ನೋಡುತ್ತ ತೆಗೆದರೆ 20611. ಎರಡನೆಯದಕ್ಕೆ ಚಿತ್ರ ಉಳಿಸಿಟ್ಟ ದಾಖಲೆಯೂ ವರದಿಯೂ ಬೇಕು. ದುರ್ಬೀನಿನಲ್ಲಿ (ಆರ್ಥ್ರೊಸ್ಕೋಪ್) ತೊಳೆದರೆ 29871, ತೆರೆದು ತೊಳೆದರೆ 27310.

ಮೈಸೂರಿನ ಆಸ್ಪತ್ರೆಯ ರೆಕಾರ್ಡ್ಸ್ ವಿಭಾಗಕ್ಕೇ ಸೇರಲು ಬಯಸುವವರು ಒಂದು ವಿಷಯ ಗಮನಿಸಬೇಕು. ಭಾರತದ ಆಸ್ಪತ್ರೆಗಳಲ್ಲಿ ಬಳಸುವ ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10ರಲ್ಲಿ ಎಡ-ಬಲದ ಅಂಕಿಯೇ ಇಲ್ಲ. ಎಂ00.0ಗೆ ಮೊಣಕಾಲಿನ ಜಾಗ ಸೂಚಿಸಲು 6 ಸೇರಿಸಿದರೆ ಮುಗಿಯಿತು. ಕೃತಕ ಕೀಲಿನ ಸೋಂಕು ಯಾವ ಕೀಲಿನದಾದರೂ ಟಿ84.5 ಒಂದೇ. ಇದರ ಸುದ್ದಿಯನ್ನೇ ಕೇಂದ್ರದಲ್ಲಿ ಎತ್ತುವುದಿಲ್ಲ. ಅಮೆರಿಕದ ಕೆಲಸಕ್ಕೆ ಹೋಗುವವರಿಗೆ ಅದು ಕೊರತೆಯಲ್ಲ, ಉಳಿದವರಿಗೆ ಹೌದು.

ಸೇರುವ ಮುನ್ನ ಕೈಗೆ ಕೊಡುವ ಪುಸ್ತಕದ ವರ್ಷ ನೋಡಿ. ಐಸಿಡಿ-10-ಸಿಎಂ ಪ್ರತಿ ಅಕ್ಟೋಬರ್ 1ಕ್ಕೆ, ಸಿಪಿಟಿ ಜನವರಿ 1ಕ್ಕೆ ಹೊಸದಾಗುತ್ತವೆ. ಹಳೇ ಜೆರಾಕ್ಸ್ ಕೊಟ್ಟರೆ ಫೀಸಿನಲ್ಲಿ ಪುಸ್ತಕದ ಹಣ ಕಡಿಮೆ ಮಾಡಲು ಕೇಳಿ.