ಕುವೆಂಪುನಗರದ ಹಿತ್ತಿಲಲ್ಲಿ ಲಂಕಾದಹನ: ತೊಗಲುಗೊಂಬೆ ಆಟವನ್ನು ಮನೆಗೆ ಕರೆಸುವವರಿಗೆ

ನಾಗಮಂಗಲದ ಕಡೆಯ ತೊಗಲುಗೊಂಬೆ ತಂಡವೊಂದನ್ನು ಮೈಸೂರಿನ ಕುವೆಂಪುನಗರದ ನಮ್ಮ ಮನೆಗೆ ಕರೆಸಿ, ಹಿತ್ತಿಲಲ್ಲಿ ಲಂಕಾದಹನದ ಆಟ ಆಡಿಸಿದೆವು. ನಾಮಕರಣಕ್ಕೋ ಗೃಹಪ್ರವೇಶಕ್ಕೋ ಸಂಜೆ ಒಂದು ಕಾರ್ಯಕ್ರಮ ಇಟ್ಟುಕೊಳ್ಳಬೇಕೆಂದಿರುವವರು ಈ ಆಟವನ್ನೂ ಮನಸ್ಸಿನಲ್ಲಿಟ್ಟುಕೊಳ್ಳಲಿ ಎಂಬ ಆಸೆಯಿಂದ, ಅಂದು ಮೆಚ್ಚಿದ್ದನ್ನೂ ಮೆಚ್ಚದೇ ಹೋದದ್ದನ್ನೂ ಇಲ್ಲಿ ಬರೆಯುತ್ತಿದ್ದೇನೆ.

ಈ ಆಟದ ಹೆಚ್ಚುಗಾರಿಕೆಯನ್ನು ಬೆಳಕಿನಿಂದಲೇ ಅಳೆಯಬೇಕು ಎಂಬುದು ನನ್ನ ನಂಬಿಕೆ. ಕೇರಳದ ತೋಲ್ಪಾವಕೂತ್ತು, ಒಡಿಶಾದ ರಾವಣಛಾಯಾ ಎಂಬ ನೆರಳುಗೊಂಬೆ ಆಟಗಳಲ್ಲಿ ಪರದೆಯ ಮೇಲೆ ಬೀಳುವುದು ಕಪ್ಪು ನೆರಳು. ನಮ್ಮ ಗೊಂಬೆಗಳಲ್ಲಿ ಬೆಳಕು ತೊಗಲನ್ನೇ ಹಾಯ್ದು ಬರುವುದರಿಂದ ನೆರಳಿಗೂ ಬಣ್ಣವಿರುತ್ತದೆ. ಆಡಿನ ಚರ್ಮವನ್ನು ನೆನೆಸಿ, ಕೂದಲು ಹೆರೆದು, ಬಿಗಿಯಾಗಿ ಎಳೆದು ಒಣಗಿಸಿ, ಬೆಳಕು ಹಾಯುವಷ್ಟು ತೆಳುವಾದ ಮೇಲೆ ಚಿತ್ರ ಬರೆದು, ಉಳಿಯಿಂದ ರಂಧ್ರಗಳನ್ನು ಕೊರೆದು, ಎರಡೂ ಬದಿಗೆ ಬಣ್ಣ ಹಚ್ಚುತ್ತಾರೆ. ಕಿರೀಟದ ಹರಳು, ಕೊರಳಿನ ಸರ, ಸೀರೆಯ ಅಂಚು, ಎಲ್ಲವೂ ಆ ರಂಧ್ರಗಳೇ. ಆಟಕ್ಕೆ ಮೊದಲು ತಂಡದ ಹಿರಿಯರು ಸೀತೆಯ ಹಳೆಯ ಗೊಂಬೆಯೊಂದನ್ನು ನನ್ನ ಕೈಗೆ ಕೊಟ್ಟು ನೋಡಲು ಹೇಳಿದರು. ಹಗಲಿನಲ್ಲಿ ಅದು ಮಾಸಿದ ಕಂದು ತೊಗಲು. ಕುತ್ತಿಗೆಯ ಬಳಿ ಹರಿದಿದ್ದನ್ನು ದಾರದಿಂದ ಹೊಲಿದಿದ್ದರು. ಬಲ್ಬಿನೆದುರು ಹಿಡಿದಾಗ ಅದೇ ತೊಗಲಿನಲ್ಲಿ ದಾಳಿಂಬೆ ಕೆಂಪಿನ ಸೀರೆ ಎದ್ದು ಕಂಡಿತು, ಹೊಲಿಗೆಯ ಗೆರೆ ಕೊರಳಿನ ಸರಗಳ ಸಾಲಿನಲ್ಲಿ ಸೇರಿಹೋಯಿತು.

ಗಣಪತಿ ಮತ್ತು ಶಾರದೆಯ ಸ್ತುತಿ ನಡೆಯುವಷ್ಟು ಹೊತ್ತು ಎಣ್ಣೆದೀಪ, ಅನಂತರ ಹಳದಿ ಬಲ್ಬು ಎಂದು ತಂಡದವರು ಮೊದಲೇ ತಿಳಿಸಿದ್ದರು. ಬಿಳಿಯ ಎಲ್‌ಇಡಿ ಕೊಡುತ್ತೇವೆ ಎಂದರೆ ಹಿರಿಯರು ಒಪ್ಪಲಿಲ್ಲ. ಅವರು ಒಪ್ಪದೇ ಇದ್ದದ್ದೇ ಸರಿ. ದೀಪದ ಕುಡಿ ಅಲುಗಿದಾಗಲೆಲ್ಲ ಗಣಪತಿಯ ಹೊಟ್ಟೆ ಉಸಿರಾಡುವಂತೆ ಕಂಡಿತು. ಬಲ್ಬಿನ ಬೆಳಕಿನಲ್ಲಿ ಆ ಚಲನೆ ಇಲ್ಲ, ಆದರೆ ಬಣ್ಣಗಳ ಕಾವು ಉಳಿಯುತ್ತದೆ. ಇಡೀ ಆಟವನ್ನು ಎಣ್ಣೆದೀಪದಲ್ಲಿ ಆಡಿಸಿ ಎಂದು ಕೇಳಿಕೊಂಡರೆ ಆಡಿಸುತ್ತಾರಂತೆ. ಕರೆಸುವವರು ದಯವಿಟ್ಟು ಕೇಳಿಕೊಳ್ಳಿ.

ಸ್ತುತಿ ಮುಗಿಯುವ ಮೊದಲೇ ಪಕ್ಕದ ಮನೆಯ ಅಜ್ಜಿ ಕುರ್ಚಿಯಿಂದಲೇ, “ಏನಪ್ಪಾ, ಬಂಗಾರಕ್ಕನ್ನ ಕರ್ಕೊಂಡು ಬಂದಿದ್ದೀಯೇನೋ?” ಎಂದು ಕೂಗಿ ಕೇಳಿದರು. ಪರದೆಯ ಹಿಂದಿನಿಂದ, “ಬಂದವ್ಳೆ ಕನವ್ವಾ, ಮೊದ್ಲು ಗಣಪ್ಪಂಗೆ ಕೈಮುಗೀರಿ” ಎಂಬ ಉತ್ತರ ಬಂತು. ಆಟದ ವಿದೂಷಕ ಕಿಳ್ಳೇಕ್ಯಾತ ಮತ್ತು ಅವನ ಹೆಂಡತಿ ಬಂಗಾರಕ್ಕನ ಜಗಳದಲ್ಲಿ ಪೋಲಿ ಮಾತು ಇರುವುದು ವಾಡಿಕೆ. ಮಕ್ಕಳಿದ್ದಾರೆಂದು ತಂಡದವರು ಅದನ್ನು ಹದವಾಗಿ ತಗ್ಗಿಸಿ, ಕುವೆಂಪುನಗರದ ನೀರಿನ ಸರದಿಯನ್ನೂ ಮಾತಿನಲ್ಲಿ ಸೇರಿಸಿಕೊಂಡರು.

ಲಂಕಾದಹನವನ್ನು ಮಾತ್ರ ಎಷ್ಟು ಹೊಗಳಿದರೂ ಸಾಲದು. ಹನುಮಂತನ ಗೊಂಬೆಯನ್ನು ಪರದೆಯಿಂದ ಹಿಂದಕ್ಕೆ, ಬಲ್ಬಿನ ಸಮೀಪಕ್ಕೆ ಎಳೆದಾಗ ಆಕೃತಿ ಮಸುಕಾಗಿ ಪರದೆಯ ತುಂಬ ಬೆಳೆಯುತ್ತದೆ. ಮತ್ತೆ ಬಟ್ಟೆಗೆ ಒತ್ತಿ ಹಿಡಿದಾಗ ಅಂಚುಗಳು ಚೂಪಾಗಿ, ಹಸಿರು ಕೆಂಪುಗಳು ಬೇರೆ ಬೇರೆಯಾಗಿ ಕಾಣುತ್ತವೆ. ಹನುಮಂತ ದೈತ್ಯನಾಗುವುದನ್ನೂ ಮರಳಿ ಕಿರಿದಾಗುವುದನ್ನೂ ತೋರಿಸಲು ಅವರಿಗೆ ಈ ಒಂದೇ ಚಲನೆ ಸಾಕಾಯಿತು. ರಾವಣನ ಸಭೆ ಹಲವು ಪಾತ್ರಗಳನ್ನು ಒಂದೇ ತೊಗಲಿನಲ್ಲಿ ಕೊರೆದ ದೊಡ್ಡ ಗೊಂಬೆ. ಅದು ಅಲುಗದೆ ನಿಂತಿರುವಾಗ ಮುಂದೆ ಕುಣಿಯುವ ಬಾಲದ ಚುರುಕು ಇಮ್ಮಡಿಯಾಗುತ್ತದೆ. ಹಾಡುತ್ತಿದ್ದ ಹೆಣ್ಣುಮಗಳ ದನಿ, ಮದ್ದಳೆ, ಆಡಿಸುವವರ ಕಾಲಿನ ಗೆಜ್ಜೆ ಮೂರೂ ಒಂದೇ ಓಟದಲ್ಲಿದ್ದವು.

ಆಕ್ಷೇಪಗಳೂ ಇವೆ. ನಾವು ಬಾಡಿಗೆಗೆ ತಂದ ಧ್ವನಿವರ್ಧಕದ ಅಬ್ಬರದಲ್ಲಿ ಸೀತೆಯ ಅಳಲಿನ ಹಾಡು ಚೂರುಚೂರಾಯಿತು. ಹಿತ್ತಿಲಿನಷ್ಟು ಜಾಗಕ್ಕೆ ಮೈಕೇ ಬೇಡ. ನಡುವೆ ಸಿನಿಮಾ ಹಾಡಿನ ಧಾಟಿಗೆ ಗೊಂಬೆಗಳನ್ನು ಕುಣಿಸಿದ್ದು ಯಾರೂ ಕೇಳಿದ್ದಲ್ಲ, ಕಥೆಗೂ ಬೇಕಾಗಿರಲಿಲ್ಲ. ಹಳ್ಳಿಗಳಲ್ಲಿ ರಾತ್ರಿಯಿಡೀ ನಡೆಯುತ್ತಿದ್ದ ಆಟವನ್ನು ನಗರದವರಿಗಾಗಿ ಒಂದೂವರೆ ಗಂಟೆಗೆ ಇಳಿಸಿರುವುದರಿಂದ, ಹನುಮಂತ ಸೀತೆಗೆ ಉಂಗುರ ಕೊಡುವ ಸಂದರ್ಭ ಉಸಿರುಗಟ್ಟಿ ಓಡಿತು. ಎಲ್ಲಕ್ಕಿಂತ ನನ್ನನ್ನು ಕಾಡಿದ್ದು ಹೊಸ ಗೊಂಬೆಗಳು. ಅಂಗಡಿಯ ಬಣ್ಣವನ್ನು ದಪ್ಪವಾಗಿ ಬಳಿದಿರುವುದರಿಂದ ಬೆಳಕು ಅವುಗಳಲ್ಲಿ ಅರ್ಧ ದಾರಿಗೇ ನಿಲ್ಲುತ್ತದೆ. ಹಳೆಯ ಸೀತೆಯ ಪಕ್ಕದಲ್ಲಿ ಹೊಸ ತ್ರಿಜಟೆ ಮಂಕಾಗಿ ಕಂಡಳು. ಬಣ್ಣ ಎಷ್ಟು ತೆಳುವಾಗಿರಬೇಕೆಂದು ತಿಳಿಯಬೇಕಾದರೆ ಬೆಂಗಳೂರಿನ ಕರ್ನಾಟಕ ಚಿತ್ರಕಲಾ ಪರಿಷತ್ತಿನಲ್ಲಿ ಕಲಾವಿದ ಎಂ.ಎಸ್. ನಂಜುಂಡರಾಯರು ಊರೂರು ಅಲೆದು ಕೂಡಿಸಿದ ಹಳೆಯ ತೊಗಲುಗೊಂಬೆಗಳನ್ನು ನೋಡಬೇಕು. ಕೊಪ್ಪಳ ಜಿಲ್ಲೆಯ ತೊಗಲುಗೊಂಬೆ ಕಲಾವಿದೆ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂದ ಮೇಲೆ ಆಟದ ಹೆಸರು ಮತ್ತೆ ಕೇಳಿಬರುತ್ತಿದೆ. ತೊಗಲು ಹದ ಮಾಡುವವರಿಗೂ ಕೆಲಸ ಸಿಗುವಷ್ಟು ಆಟಗಳು ನಡೆದರೆ ಮಾತ್ರ ಆ ಹೆಸರು ಗೊಂಬೆಯವರೆಗೆ ತಲುಪುತ್ತದೆ.

ಕರೆಸುವವರು ಬೀದಿದೀಪದ ಬೆಳಕು ಬೀಳದ ಜಾಗ ನೋಡಿಕೊಳ್ಳಿ. ಮಹಡಿಗಿಂತ ಹಿತ್ತಿಲು ವಾಸಿ, ಏಕೆಂದರೆ ಗಾಳಿಗೆ ಪರದೆ ಅಲುಗಿದರೆ ಆಕೃತಿ ಸೊಟ್ಟಗಾಗುತ್ತದೆ. ಸಂಭಾವನೆಯಲ್ಲಿ ಚೌಕಾಸಿ ಮಾಡಬೇಡಿ. ಇಡೀ ಕುಟುಂಬವೇ ಗೊಂಬೆಯ ಪೆಟ್ಟಿಗೆ ಹೊತ್ತು ಬಂದು, ಆಟ ಮುಗಿಯುವ ಹೊತ್ತಿಗೆ ನಾಗಮಂಗಲದ ಬಸ್ಸಿಗೆ ಪರದಾಡಬೇಕಾಗುತ್ತದೆ. ಹಿಂದಿರುಗಲು ವಾಹನದ ಏರ್ಪಾಡು ನಿಮ್ಮದೇ ಆಗಿರಲಿ. ತಂಡದವರು ದೀಪದ ಗೂಡುಗಳನ್ನೂ ಚಿಕ್ಕ ಗೊಂಬೆಗಳನ್ನೂ ಮಾರಾಟಕ್ಕೆ ತರುತ್ತಾರೆ; ಕೊಳ್ಳುವ ಮೊದಲು ಪ್ರತಿಯೊಂದನ್ನೂ ಬಲ್ಬಿಗೆ ಅಡ್ಡಲಾಗಿ ಹಿಡಿದು, ಬೆಳಕು ಹಾಯುವುದನ್ನು ಮಾತ್ರ ಆರಿಸಿಕೊಳ್ಳಿ.