ನಾಯಿ ಇರುವ ಹಿತ್ತಲಿಗೆ ಬೆಕ್ಕು ಬಾರದಂತೆ: ಶಬ್ದಯಂತ್ರ, ಸ್ಪ್ರಿಂಕ್ಲರ್, ಚಿಕನ್ ಮೆಶ್

ಮೈಸೂರಿನ ಕುವೆಂಪುನಗರದ ನಮ್ಮ ಹಿತ್ತಲಿನಲ್ಲಿ ಮಲ್ಲಿಗೆ, ಕೊತ್ತಂಬರಿ ಪಾತಿಗಳಿವೆ. ಸಡಿಲವಾದ ಮಣ್ಣು ಕಂಡಲ್ಲಿ ಬೀದಿಬೆಕ್ಕುಗಳು ಕೆದಕಿ ಹೇಲು ಮುಚ್ಚಿಹೋಗುತ್ತವೆ. ನಮ್ಮ ನಾಯಿ ಕರಿಯ ಅದನ್ನು ಹುಡುಕಿ ತಿನ್ನುವುದರಿಂದ ಹೊಟ್ಟೆಹುಳುವಿನ ಭಯ ತಪ್ಪಿದ್ದಲ್ಲ. ಎರಡೂ ಪ್ರಾಣಿಗಳಿಗೆ ನೋವಾಗಬಾರದೆಂಬ ಷರತ್ತಿಟ್ಟುಕೊಂಡು ಮೂರು ಉಪಾಯಗಳನ್ನು ಬಳಸಿ ನೋಡಿದ ಮೇಲೆ, ಅತಿ ಅಗ್ಗದ ಚಿಕನ್ ಮೆಶ್ (ಕೋಳಿಗೂಡಿಗೆ ಬಳಸುವ ತಂತಿಬಲೆ) ಮಾತ್ರ ನಮ್ಮಲ್ಲಿ ಉಳಿದಿದೆ.

ಎದುರಿಗೆ ಏನಾದರೂ ಚಲಿಸಿದರೆ ತೀಕ್ಷ್ಣ ಸದ್ದು ಹೊರಡಿಸಿ ಬೆಕ್ಕನ್ನು ಓಡಿಸುವ ಶಬ್ದಯಂತ್ರದ ತೊಂದರೆಯನ್ನು ಸ್ವಲ್ಪ ವಿವರವಾಗಿಯೇ ಹೇಳಬೇಕು. ಅದರ ಸದ್ದು ಮನುಷ್ಯರಿಗೆ ಕೇಳಿಸುವುದಿಲ್ಲ ಎಂಬ ಮಾತು ಸುಳ್ಳಲ್ಲ. ನಮ್ಮ ಕಿವಿಯ ಮಿತಿ ಸುಮಾರು 20 ಕಿಲೋಹರ್ಟ್ಸ್, ಅಂದರೆ ಸೆಕೆಂಡಿಗೆ 20 ಸಾವಿರ ಕಂಪನ. ಬೆಕ್ಕಿನದು 60ನ್ನೂ ದಾಟುತ್ತದೆ. ಆದರೆ ನಾಯಿಗೂ 45ರ ಆಸುಪಾಸಿನವರೆಗೆ ಕೇಳಿಸುತ್ತದೆ ಎಂಬುದನ್ನು ಡಬ್ಬಿಯ ಮೇಲೆ ಯಾರೂ ಮುದ್ರಿಸಿರಲಿಲ್ಲ. ಎದುರಿಗೆ ಚಲಿಸಿದ್ದು ಬೆಕ್ಕೋ ನಾಯಿಯೋ ಎಂದು ಗುರುತಿಸುವ ಶಕ್ತಿಯೂ ಅದರ ಸೆನ್ಸರಿಗಿಲ್ಲ. ಹೀಗಾಗಿ ಕರಿಯ ಹಿತ್ತಲಿನ ಬಾಗಿಲಿಗೆ ಬಂದು, ಕಿವಿ ಹಿಂದಕ್ಕೆ ಮಡಚಿ, ಬಾಲ ಮುದುರಿಕೊಂಡು ಒಳಗೆ ಓಡುತ್ತಿದ್ದನು. ಮೂತ್ರಕ್ಕೆ ವರಾಂಡವೇ ಗತಿಯಾಯಿತು.

ಸದ್ದಿನ ಕಿಲೋಹರ್ಟ್ಸ್ ಏರಿಸುವ ಯಂತ್ರದ ತಿರುಪನ್ನು ಕೊನೆಯವರೆಗೂ ತಿರುಗಿಸಿದಾಗ ನಾಯಿ ನಿರಾಳವಾಯಿತೇನೋ ನಿಜ, ಆದರೆ ಆಗ ಹೊರಡುತ್ತಿದ್ದ ಸದ್ದನ್ನು ಬೆಕ್ಕುಗಳೂ ಲೆಕ್ಕಿಸಲಿಲ್ಲ. ಬೂದುಬಣ್ಣದ ಗಡವ ಬೆಕ್ಕೊಂದು ಮಿನುಗುವ ಕೆಂಪು ದೀಪದ ಮುಂದೆಯೇ ಕುಳಿತು ಮೈ ನೆಕ್ಕಿಕೊಳ್ಳುತ್ತಿತ್ತು. ಆ ತಿರುಪಿನಲ್ಲಿ ಅಂಕಿಗಳಿರದೆ ಬರೀ ಗೆರೆಗಳಿದ್ದುದರಿಂದ, ಯಾವ ಗೆರೆಗೆ ಎಷ್ಟು ಕಿಲೋಹರ್ಟ್ಸ್ ಎಂದು ತಿಳಿಯುವ ದಾರಿಯೇ ಇರಲಿಲ್ಲ.

ಚಲನೆ ಕಂಡಾಗ ನೀರು ಚಿಮ್ಮುವ ಸ್ಪ್ರಿಂಕ್ಲರಿನಿಂದ ಅಪಾಯವಿಲ್ಲ. ಆದರೆ ಅದು ಚಿಮ್ಮಲು ನೀರಿಗೆ ಸಾಕಷ್ಟು ಒತ್ತಡ ಬೇಕು. ಹತ್ತು ಮೀಟರ್ ಎತ್ತರದ ನೀರು ಕೊಡುವ ಒತ್ತಡವೇ ಸುಮಾರು ಒಂದು ಬಾರ್ (ಒತ್ತಡದ ಅಳತೆ). ನಮ್ಮ ಒಂದಂತಸ್ತಿನ ಮನೆಯ ಟ್ಯಾಂಕಿನಿಂದ ಅದರ ಅರ್ಧವೂ ಸಿಗದೆ ನೀರು ಚಿಮ್ಮುವ ಬದಲು ಜಿನುಗಿತು. ಪಂಪಿನಿಂದ ನೇರವಾಗಿ ನೀರು ಸಿಗುವವರಿಗೆ ಇದು ಒಗ್ಗಬಹುದು.

ನುಸಿಗುಳಿಗೆ, ಕಾಫಿ ಚರಟ, ಖಾರದ ಪುಡಿ ಎಂದು ನೆರೆಹೊರೆಯವರು ಸೂಚಿಸಿದ ಯಾವುದನ್ನೂ ನಾನು ಬಳಸಲಿಲ್ಲ. ನುಸಿಗುಳಿಗೆಯನ್ನು ನುಂಗಿದರೆ ನಾಯಿಯ ಕೆಂಪು ರಕ್ತಕಣಗಳೇ ನಾಶವಾಗಬಹುದು, ಚರಟದಲ್ಲಿ ಉಳಿಯುವ ಕೆಫೀನ್ ಅದಕ್ಕೆ ವಿಷ, ಖಾರ ಎರಡೂ ಪ್ರಾಣಿಗಳ ಕಣ್ಣು ಮೂಗಿಗೆ ಹಿಂಸೆ.

ಚಿಕನ್ ಮೆಶ್ಶನ್ನು ಪಾತಿಯ ಮೇಲೆ ಚಪ್ಪಟೆಯಾಗಿ ಹಾಸಿ, ಮೇಲೆ ಬೆರಳಗಲ ಮಣ್ಣು ಹರಡಿದರೆ, ಕೆದಕಲು ಬಂದ ಬೆಕ್ಕಿನ ಪಂಜಕ್ಕೆ ತಂತಿ ತಾಗಿ ಅದು ಬೇರೆ ಜಾಗ ನೋಡಿಕೊಳ್ಳುತ್ತದೆ. ಕತ್ತರಿಸಿದ ತಂತಿತುದಿಗಳು ಸೂಜಿಯಂತೆ ಚೂಪಾಗಿರುವುದರಿಂದ ಅಂಚನ್ನು ಇಕ್ಕಳದಿಂದ ಕೆಳಮುಖವಾಗಿ ಮಡಚಿ ಮಣ್ಣಿನೊಳಗೆ ಹೂಳಲೇಬೇಕು. ಇಲ್ಲವಾದರೆ ಗೀಚುವುದು ನಾಯಿಯ ಪಾದವನ್ನೇ. ಹಗಲೆಲ್ಲ ಮನೆಯಲ್ಲಿರದ, ಬೆಳಿಗ್ಗೆ ಚೊಂಬಿನಲ್ಲಿ ಗಿಡಕ್ಕೆ ನೀರು ಹಾಕುವ ನನ್ನಂಥವನಿಗೆ ವಿದ್ಯುತ್ತೂ ಬ್ಯಾಟರಿಯೂ ಬೇಡದ ಈ ವ್ಯವಸ್ಥೆಯೇ ಸಾಕು. ಮಲ್ಲಿಗೆಯ ಬುಡ ದಪ್ಪವಾದಂತೆ ಅದರ ಸುತ್ತಲಿನ ಮೆಶ್ಶಿನ ಕಣ್ಣನ್ನು ಕತ್ತರಿಸಿ ಅಗಲಿಸುವ ಕೆಲಸ ಮಾತ್ರ ಆಗಾಗ ಬೀಳುತ್ತದೆ.