ಪೌಂಡಿಗೆ ಸೆಂಟ್, ಚೀಲಕ್ಕೆ ರೂಪಾಯಿ: ಲಿಬ್‌ಕ್ವಾಲ್ಕುಲೇಟ್ ಲೈಬ್ರರಿಯನ್ನು ವರ್ಷಗಟ್ಟಲೆ ಬಳಸಿದ ಮೇಲೆ

ಅರೇಬಿಕಾ ಕಾಫಿಯ ಧಾರಣೆ ನ್ಯೂಯಾರ್ಕಿನಲ್ಲಿ ಪೌಂಡಿಗೆ ಇಷ್ಟು ಸೆಂಟ್ ಎಂದು ನಿರ್ಧಾರವಾಗುತ್ತದೆ, ರೊಬಸ್ಟಾ ಧಾರಣೆ ಲಂಡನ್ನಿನಲ್ಲಿ ಟನ್ನಿಗೆ ಇಷ್ಟು ಡಾಲರ್ ಎಂದು. ಚಿಕ್ಕಮಗಳೂರು, ಕೊಡಗು, ಹಾಸನದ ಬೆಳೆಗಾರರಿಗೆ ಬೇಕಾಗಿರುವುದು 50 ಕಿಲೋ ಚೀಲಕ್ಕೆ ಎಷ್ಟು ರೂಪಾಯಿ ಎಂಬ ಉತ್ತರ. ಕಾಫಿ ವ್ಯಾಪಾರದ ಲೆಕ್ಕಪತ್ರ ನೋಡಿಕೊಳ್ಳುವ ನನಗೆ ಈ ಪರಿವರ್ತನೆ ದಿನವೂ ಬೇಕು. ಹಲವು ವರ್ಷಗಳಿಂದ ಅದನ್ನು ಮಾಡಿಕೊಡುತ್ತಿರುವುದು ಲಿಬ್‌ಕ್ವಾಲ್ಕುಲೇಟ್ ಎಂಬ ಲೈಬ್ರರಿ, ಅಂದರೆ ಬೇರೆ ತಂತ್ರಾಂಶಗಳು ಬಳಸಿಕೊಳ್ಳುವ ಸಿದ್ಧ ಕೋಡಿನ ಕಟ್ಟು. ಕ್ವಾಲ್ಕುಲೇಟ್ ಎಂಬ ಕ್ಯಾಲ್ಕುಲೇಟರ್ ತಂತ್ರಾಂಶದ ಒಳಗೆ ನಿಜವಾದ ಕೆಲಸ ಮಾಡುವುದು ಇದೇ. ಸಿ++ ಭಾಷೆಯಲ್ಲಿ ಬರೆದದ್ದು, ಜಿಪಿಎಲ್ ಪರವಾನಗಿಯಲ್ಲಿ ಉಚಿತವಾಗಿ ಸಿಗುತ್ತದೆ, ಲಿನಕ್ಸ್ ಮತ್ತು ವಿಂಡೋಸ್ ಎರಡರಲ್ಲೂ ನಡೆಯುತ್ತದೆ. ಲಿನಕ್ಸಿನಲ್ಲಿ ಕೆಡಿಇ ಎಂಬ ಡೆಸ್ಕ್‌ಟಾಪ್ ಬಳಸುವವರು ಹುಡುಕು ಪಟ್ಟಿಯಲ್ಲೇ ಲೆಕ್ಕ ಬರೆದು ಉತ್ತರ ಪಡೆಯುವಾಗ ತೆರೆಮರೆಯಲ್ಲಿ ಇರುವುದೂ ಸಾಮಾನ್ಯವಾಗಿ ಇದೇ ಲೈಬ್ರರಿ.

ಇದರ ದೊಡ್ಡ ಗುಣವೆಂದರೆ ಹಣವೂ ತೂಕವೂ ಒಂದೇ ಸಾಲಿನ ಲೆಕ್ಕದಲ್ಲಿ ಸೇರಿಕೊಳ್ಳುವುದು. ಜಾಲತಾಣಗಳ ಪರಿವರ್ತಕಗಳು ಡಾಲರನ್ನು ರೂಪಾಯಿಗೆ ತಿರುಗಿಸಿ ಕೈಬಿಡುತ್ತವೆ. ಪೌಂಡಿನಿಂದ ಕಿಲೋಗೆ ನಾವೇ ಬರಬೇಕು. ಇಲ್ಲಿ ಪೌಂಡಿಗೆ 3 ಡಾಲರ್ ಎಂದು ಬರೆದು, ಕಿಲೋಗೆ ರೂಪಾಯಿಯಲ್ಲಿ ಬೇಕು ಎಂದು ಕೇಳಿದರೆ ಸಾಕು. ಡಾಲರಿಗೆ 85 ರೂಪಾಯಿ ಎಂದಿಟ್ಟುಕೊಂಡರೆ ಕಿಲೋಗೆ ಸುಮಾರು 562, ಅಂದರೆ 50 ಕಿಲೋ ಚೀಲಕ್ಕೆ 28,109 ರೂಪಾಯಿ. ಒಂದು ಪೌಂಡ್ ಎಂದರೆ 0.45359237 ಕಿಲೋ ಎಂಬುದು ಅದಕ್ಕೆ ಪೂರ್ತಿ ಗೊತ್ತು; ಕೈಲೆಕ್ಕದಲ್ಲಿ 0.45 ಎಂದು ಹಿಡಿಯುವ ಅಭ್ಯಾಸ ಚೀಲಕ್ಕೆ ಇನ್ನೂರು ರೂಪಾಯಿಗೂ ಹೆಚ್ಚು ವ್ಯತ್ಯಾಸ ತರುತ್ತದೆ.

ರೊಬಸ್ಟಾ ಚೆರಿಗೆ ಇನ್ನೊಂದು ಹೆಜ್ಜೆ ಇದೆ. ಲಂಡನ್ ದರ ಸಿಪ್ಪೆ ತೆಗೆದ ಬೀಜಕ್ಕೆ. ನಮ್ಮಲ್ಲಿ ಬೆಳೆಗಾರರು ಮಾರುವುದು ಒಣಗಿಸಿದ ಚೆರಿ. 50 ಕಿಲೋ ಚೆರಿಯಲ್ಲಿ ಎಷ್ಟು ಕಿಲೋ ಬೀಜ ಸಿಗುತ್ತದೆ ಎಂಬ ಔಟ್‌ಟರ್ನ್ ಮೇಲೆ ಬೆಲೆ ನಿಲ್ಲುತ್ತದೆ. ಟನ್ನಿಗೆ 4,000 ಡಾಲರ್, ಔಟ್‌ಟರ್ನ್ 26 ಎಂದರೆ ಅದೇ 85ರ ದರದಲ್ಲಿ ಚೀಲಕ್ಕೆ 8,840 ರೂಪಾಯಿ. ಇದು ಕ್ಯೂರಿಂಗ್ (ಸಿಪ್ಪೆ ತೆಗೆದು ಬೀಜ ಹದಮಾಡುವ) ಖರ್ಚು, ಸಾಗಣೆ, ವ್ಯಾಪಾರಿಯ ಲಾಭ ಯಾವುದನ್ನೂ ಕಳೆಯದ ಅಂಕಿ. ಔಟ್‌ಟರ್ನನ್ನು ಒಂದು ಚರಾಂಕವಾಗಿ, ಚೀಲವನ್ನು 50 ಕಿಲೋದ ಒಂದು ಅಳತೆಯಾಗಿ ಲೈಬ್ರರಿಗೆ ಹೇಳಿಕೊಟ್ಟಿದ್ದೇನೆ. ಲಾಟು ಬದಲಾದಾಗ ಒಂದು ಸಂಖ್ಯೆ ತಿದ್ದಿದರೆ ಮುಗಿಯಿತು. ಈ ಒಂದು ಅನುಕೂಲಕ್ಕಾಗಿಯೇ ನಾನು ಇದನ್ನು ಬಿಟ್ಟು ಬೇರೆ ಕಡೆ ಹೋಗಿಲ್ಲ.

ಇನ್ನು ದರ ಎಲ್ಲಿಂದ ಬರುತ್ತದೆ ಎಂಬ ವಿಷಯ. ಬಹಳಷ್ಟು ಬಳಕೆದಾರರು ಇದನ್ನು ನೋಡುವುದೇ ಇಲ್ಲ, ನೋಡಲೇಬೇಕು. ಲೈಬ್ರರಿಗೆ ಮೂಲ ಹಣ ಯೂರೋ. ಯುರೋಪಿಯನ್ ಸೆಂಟ್ರಲ್ ಬ್ಯಾಂಕ್ ಪ್ರಕಟಿಸುವ ದಿನದ ದರದ ಪುಟ್ಟ ಎಕ್ಸ್‌ಎಂಎಲ್ ಕಡತವನ್ನು ಅದು ಇಳಿಸಿಕೊಳ್ಳುತ್ತದೆ. ಆ ಕಡತದಲ್ಲಿರುವುದು ಸುಮಾರು ಮೂವತ್ತು ಕರೆನ್ಸಿಗಳು. ನಮ್ಮ ರೂಪಾಯಿಯ ದರ ಅದರಲ್ಲಿ 2009ರ ಜನವರಿಯಿಂದ ಇದೆ. ಡಾಲರಿನಿಂದ ರೂಪಾಯಿಗೆ ನೇರ ದಾರಿ ಇಲ್ಲ. ಯೂರೋ ಮೂಲಕ ಹಾದುಬರಬೇಕು. ಡಾಲರಿನ ದರ ನಾಲ್ಕು ದಶಮಾಂಶಕ್ಕೆ ನಿಲ್ಲುವುದರಿಂದ ಒಂದು ಕೋಟಿ ರೂಪಾಯಿಯ ಲೆಕ್ಕದಲ್ಲಿ ಅದೊಂದರಿಂದಲೇ ನಾನೂರು ಐನೂರು ರೂಪಾಯಿ ಅತ್ತಿತ್ತ ಆಗಬಹುದು. ಅಂದಾಜಿಗೆ ಇದು ಲೆಕ್ಕಕ್ಕಿಲ್ಲ, ಬಿಲ್ಲಿಗೆ ಮಾತ್ರ ಲೆಕ್ಕಕ್ಕಿದೆ.

ಸಮಯವನ್ನೂ ಗಮನಿಸಬೇಕು. ಆ ಬ್ಯಾಂಕ್ ದರ ಪ್ರಕಟಿಸುವುದು ಮಧ್ಯ ಯುರೋಪಿನ ಸಂಜೆ 4ರ ಹೊತ್ತಿಗೆ. ನಮಗೆ ಅದು ಬೇಸಿಗೆಯಲ್ಲಿ ರಾತ್ರಿ 7.30, ಚಳಿಗಾಲದಲ್ಲಿ 8.30. ಆದ್ದರಿಂದ ಬೆಳಿಗ್ಗೆ 10 ಗಂಟೆಗೆ ವ್ಯಾಪಾರಿಯೊಂದಿಗೆ ಮಾತಾಡುವಾಗ ತೆರೆಯ ಮೇಲಿರುವುದು ಹಿಂದಿನ ದಿನದ ದರ. ಶನಿವಾರ, ಭಾನುವಾರ, ಗುಡ್ ಫ್ರೈಡೇ, ಈಸ್ಟರ್ ಸೋಮವಾರ, ಮೇ 1, ಡಿಸೆಂಬರ್ 25 ಮತ್ತು 26, ಹೊಸ ವರ್ಷದ ದಿನ ಹೊಸ ದರವೇ ಬರುವುದಿಲ್ಲ. ತಮ್ಮ ದರ ಮಾಹಿತಿಗಾಗಿ ಮಾತ್ರ, ವಹಿವಾಟಿಗೆ ಬಳಸಬೇಡಿ ಎಂದು ಆ ಬ್ಯಾಂಕೇ ಸ್ಪಷ್ಟವಾಗಿ ಹೇಳುತ್ತದೆ. ನಮ್ಮ ಬ್ಯಾಂಕು ರಫ್ತಿನ ಹಣಕ್ಕೆ ಕೊಡುವುದು ಟಿಟಿ ಖರೀದಿ ದರ, ಅಂದರೆ ವಿದೇಶದಿಂದ ತಂತಿ ವರ್ಗಾವಣೆಯಲ್ಲಿ ಬಂದ ಹಣವನ್ನು ಬ್ಯಾಂಕು ಕೊಳ್ಳುವ ದರ, ಅದು ಇದಕ್ಕಿಂತ ಬೇರೆ. ಭಾರತದೊಳಗಿನ ಅಧಿಕೃತ ಉಲ್ಲೇಖ ದರವನ್ನು 2018ರ ಜುಲೈವರೆಗೆ ರಿಸರ್ವ್ ಬ್ಯಾಂಕ್ ಕೊಡುತ್ತಿತ್ತು, ಆಮೇಲೆ ಫೈನಾನ್ಷಿಯಲ್ ಬೆಂಚ್‌ಮಾರ್ಕ್ಸ್ ಇಂಡಿಯಾ ಸಂಸ್ಥೆ ಕೊಡುತ್ತಿದೆ. ಲಿಬ್‌ಕ್ವಾಲ್ಕುಲೇಟ್ ಈ ಎರಡನ್ನೂ ತರುವುದಿಲ್ಲ. ಮಾತುಕತೆಗೆ ಅದರ ಅಂಕಿ ಹಿಡಿದುಕೊಳ್ಳಿ, ಒಪ್ಪಂದಕ್ಕೆ ಬ್ಯಾಂಕಿನ ದರವನ್ನು ಕೈಯಿಂದಲೇ ತುಂಬಿಸಿ.

ಯೂರೋ ಕಡತದಲ್ಲಿ ಇಲ್ಲದ ಕರೆನ್ಸಿಗಳಿಗೆ ಲೈಬ್ರರಿ ಬೇರೆ ಜಾಲಮೂಲವನ್ನು ಆಶ್ರಯಿಸುತ್ತದೆ. ಭಾರತದ ಕಾಫಿಯನ್ನು ಕೊಳ್ಳುವ ಮುಖ್ಯ ದೇಶಗಳಲ್ಲಿ ರಷ್ಯಾ ಒಂದು. ಆದರೆ ಯುರೋಪಿಯನ್ ಸೆಂಟ್ರಲ್ ಬ್ಯಾಂಕ್ 2022ರ ಮಾರ್ಚ್ 2ರಿಂದ ರೂಬಲ್ ದರ ಕೊಡುವುದನ್ನು ನಿಲ್ಲಿಸಿತು. ಕೊಲ್ಲಿಯ ಹಣಗಳು ಅದರಲ್ಲಿ ಮೊದಲಿನಿಂದಲೂ ಇಲ್ಲ. ಮಂಗಳೂರು, ಉಡುಪಿ ಕಡೆಯಿಂದ ದುಬೈಗೆ, ಕುವೈತಿಗೆ ಹೋದವರು ಮನೆಗೆ ಹಣ ಕಳಿಸುವ ಲೆಕ್ಕಕ್ಕೆ ಇದನ್ನು ಬಳಸುವುದಾದರೆ ಈ ಮಾತು ನೆನಪಿರಲಿ. ದಿರ್ಹಮಿನಲ್ಲಿ ಅಪಾಯ ಕಡಿಮೆ, ಏಕೆಂದರೆ ಅದು ಡಾಲರಿಗೆ 3.6725 ಎಂದು ಕಟ್ಟಿಹಾಕಿದ ಹಣ. ಯಾರು ಬೇಕಾದರೂ ತಾಳೆ ನೋಡಬಹುದು. ಕುವೈತಿ ದಿನಾರಿಗೆ ಅಂಥ ಸುಲಭದ ತಾಳೆ ಇಲ್ಲ. ದರ ಯಾವ ಮೂಲದ್ದು, ಯಾವ ದಿನದ್ದು ಎಂಬುದನ್ನು ಇತ್ತೀಚಿನ ಆವೃತ್ತಿಗಳು ಉತ್ತರದ ಜೊತೆಗೇ ತೋರಿಸುತ್ತವೆ. ಇದು ನನಗೆ ತುಂಬಾ ಮೆಚ್ಚುಗೆಯಾದ ಸುಧಾರಣೆ. ಹಣದ ವಿಷಯದಲ್ಲಿ ತಾರೀಖಿಲ್ಲದ ಅಂಕಿಯನ್ನು ನಾನು ನಂಬುವುದಿಲ್ಲ.

ಮಲೆನಾಡಿನ ಮಳೆಗಾಲದಲ್ಲಿ ಇಂಟರ್ನೆಟ್ ಹೋಗುವುದು ಹೊಸದೇನಲ್ಲ. ಆಗಲೂ ಲೈಬ್ರರಿ ನಿಲ್ಲುವುದಿಲ್ಲ, ಕೊನೆಯ ಬಾರಿ ಇಳಿಸಿಕೊಂಡ ಕಡತದಿಂದಲೇ ಲೆಕ್ಕ ಮಾಡುತ್ತದೆ. ದರ ಹಳೆಯದಾಗಿದ್ದರೆ ಇಷ್ಟು ದಿನವಾಯಿತು, ಹೊಸದು ತರಲೇ ಎಂದು ಕೇಳುತ್ತದೆ. ಹೊಸದಾಗಿ ಅನುಸ್ಥಾಪಿಸಿದವರು ಒಂದು ವಿಷಯದಲ್ಲಿ ಎಚ್ಚರವಾಗಿರಬೇಕು: ತಂತ್ರಾಂಶದ ಜೊತೆಗೆ ಒಂದು ದರದ ಕಡತ ಬಂದಿರುತ್ತದೆ, ಅದು ಆ ಆವೃತ್ತಿ ಸಿದ್ಧವಾದ ಕಾಲದ್ದು. ನೆಟ್ ಇಲ್ಲದೆ ಮೊದಲ ಲೆಕ್ಕ ಮಾಡಿದರೆ ಬರುವುದು ತಿಂಗಳುಗಳಷ್ಟು ಹಳೆಯ ಉತ್ತರ. ಮೊದಲು ದರವನ್ನು ಅಪ್‌ಡೇಟ್ ಮಾಡಿ, ಆಮೇಲೆ ಕೆಲಸಕ್ಕೆ ಕೂರಿ.

ವಿಂಡೋಸ್ ಬಳಸುವ ಪರಿಚಯದವರು ಆಗಾಗ ಡಿಎಲ್‌ಎಲ್ ಕಡತವೊಂದೇ (ವಿಂಡೋಸಿನಲ್ಲಿ ಲೈಬ್ರರಿ ಇರುವ ಕಡತ) ಎಲ್ಲಿ ಸಿಗುತ್ತದೆ ಎಂದು ಕೇಳುತ್ತಾರೆ. ಬಿಡಿ ಡಿಎಲ್‌ಎಲ್ ಹಂಚುವ ತಾಣಗಳ ಹತ್ತಿರ ದಯವಿಟ್ಟು ಹೋಗಬೇಡಿ. ಈ ಲೈಬ್ರರಿ ದೊಡ್ಡ ಸಂಖ್ಯೆಗಳಿಗೆ ಜಿಎಂಪಿ ಮತ್ತು ಎಂಪಿಎಫ್ಆರ್, ಕಡತ ಓದಲು ಲಿಬ್‌ಎಕ್ಸ್‌ಎಂಎಲ್, ದರ ತರಲು ಕರ್ಲ್ ಹೀಗೆ ಹಲವು ಲೈಬ್ರರಿಗಳನ್ನು ಅವಲಂಬಿಸಿದೆ. ಒಂದನ್ನು ಎಲ್ಲಿಂದಲೋ ತಂದು ಹಾಕಿದರೆ ನಡೆಯುವುದೂ ಇಲ್ಲ, ಅದರೊಳಗೆ ಏನು ಸೇರಿದೆ ಎಂದು ತಿಳಿಯುವುದೂ ಇಲ್ಲ. ಯೋಜನೆಯ ಅಧಿಕೃತ ತಾಣದಲ್ಲೇ ಇನ್‌ಸ್ಟಾಲರ್ ಇದೆ, ಅನುಸ್ಥಾಪಿಸದೆ ಬಳಸುವ ಜಿಪ್ ಕೂಡ ಇದೆ. ಬೇಕಾದ ಕಡತಗಳೆಲ್ಲ ಅದರಲ್ಲೇ ಇರುತ್ತವೆ. ಎಕ್ಸೆಲ್‌ನ ಯೂರೋಟೂಲ್ ಆಡ್-ಇನ್ ಸಾಲದೇ ಎಂದು ಕೇಳುವವರೂ ಇದ್ದಾರೆ. ಅದು ಯೂರೋ ಒಪ್ಪಿಕೊಂಡ ದೇಶಗಳ ಹಳೆಯ ಹಣಗಳಿಗೆ ಮಾತ್ರ: ಯೂರೋಗೆ 1.95583 ಮಾರ್ಕ್, 1936.27 ಲೀರಾ ಎಂಬ ಶಾಶ್ವತ ದರಗಳು. ರೂಪಾಯಿಗೂ ಅದಕ್ಕೂ ಸಂಬಂಧವಿಲ್ಲ.

ಕೊರತೆಗಳಲ್ಲಿ ನನ್ನನ್ನು ಹೆಚ್ಚು ಕಾಡಿದ್ದು ಹಿಂದಿನ ತಾರೀಖಿನ ದರ ಕೇಳಲು ಆಗದಿರುವುದು. ಕಳೆದ ಮಾರ್ಚ್ 31ರ ದರದಲ್ಲಿ ಈ ಬಿಲ್ ಎಷ್ಟಾಗುತ್ತಿತ್ತು ಎಂಬುದು ಲೆಕ್ಕಪರಿಶೋಧನೆಯ ಹೊತ್ತಿನ ಸಾಮಾನ್ಯ ಪ್ರಶ್ನೆ. ಲೈಬ್ರರಿಗೆ ಇಂದಿನದು ಮಾತ್ರ ಗೊತ್ತು. ವಿಚಿತ್ರವೆಂದರೆ ಅದೇ ಯುರೋಪಿಯನ್ ಬ್ಯಾಂಕ್ 1999ರಿಂದ ಈವರೆಗಿನ ದರಗಳ ಕಡತವನ್ನೂ ಉಚಿತವಾಗಿ ಕೊಡುತ್ತದೆ. ಲೈಬ್ರರಿ ಅದನ್ನು ಓದಿಕೊಂಡರೆ ಸಾಕಿತ್ತು. ನಾನು ಬಳಸುವ ಆವೃತ್ತಿಯಲ್ಲಿ ಕನ್ನಡದ ಪರದೆಯೂ ಇಲ್ಲ. ಇದರ ಮೇಲೆ ಸ್ವಂತ ಪ್ರೋಗ್ರಾಂ ಬರೆದುಕೊಂಡವರಿಗೆ ಮತ್ತೊಂದು ಕಷ್ಟ: ಲೈಬ್ರರಿಯ ಆಂತರಿಕ ಆವೃತ್ತಿ ಸಂಖ್ಯೆ ಆಗಾಗ ಏರುತ್ತದೆ. ಉಬುಂಟು, ಡೆಬಿಯನ್‌ಗಳಲ್ಲಿ 20, 22 ಎಂದು ಪ್ಯಾಕೇಜಿನ ಹೆಸರೇ ಬದಲಾಗುತ್ತದೆ, ಆಗ ಪ್ರೋಗ್ರಾಮನ್ನು ಮತ್ತೆ ಕಂಪೈಲ್ ಮಾಡಬೇಕು. ಕ್ವಾಲ್ಕುಲೇಟ್‌ನ ಕಮಾಂಡ್ ಸಾಲಿನ ರೂಪವಾದ ಕ್ವಾಲ್ಕ್ ಮೂಲಕ ಕೆಲಸ ಮಾಡಿಸಿದರೆ ಈ ತೊಂದರೆ ಇಲ್ಲ, ನಾನೀಗ ಹಾಗೆಯೇ ಮಾಡುತ್ತಿದ್ದೇನೆ.

ದಿನವೂ ಧಾರಣೆ ನೋಡುವ ಬೆಳೆಗಾರರಿಗೆ, ರಫ್ತು ಕಚೇರಿಯ ಗುಮಾಸ್ತರಿಗೆ, ವಿದೇಶಿ ಗ್ರಾಹಕರಿಗೆ ಬಿಲ್ ಬರೆಯುವವರಿಗೆ ಇದನ್ನು ಧೈರ್ಯವಾಗಿ ಹೇಳುತ್ತೇನೆ. ವರ್ಷಕ್ಕೊಮ್ಮೆ ಪ್ರವಾಸಕ್ಕೆ ಹೋಗುವಾಗ ಮಾತ್ರ ದರ ನೋಡುವವರಿಗೆ ಮೊಬೈಲೇ ಸಾಕು. ಹಿಂದಿನ ದರಗಳ ಸೌಲಭ್ಯ ಬರುವವರೆಗೆ ಪ್ರತಿ ತಿಂಗಳ ಕೊನೆಯ ಕೆಲಸದ ದಿನದ ದರದ ಕಡತವನ್ನು ತಾರೀಖು ಹಾಕಿ ಆ ತಿಂಗಳ ಬಿಲ್ಲುಗಳ ಫೋಲ್ಡರಿನಲ್ಲೇ ನಕಲು ಮಾಡಿಡಿ. ಕೆಲವೇ ಕಿಲೋಬೈಟ್ ಜಾಗ ಸಾಕು, ಲೆಕ್ಕಪರಿಶೋಧಕರು ಕೇಳಿದಾಗ ತೆರೆದು ತೋರಿಸಬಹುದು.